ಹತ್ತು ಪ್ರಾರ್ಥನೆಯಷ್ಟು ಹೊತ್ತು

ಮಸೂತಿ ಊರಿನ ನಮ್ಮ ತೋಟದ ಬಾವಿಯಲ್ಲಿ ಬೆಳಗಿನ ಬಿಸಿಲು ಮೂರನೆಯ ಮೆಟ್ಟಿಲು ಮುಟ್ಟುವ ಹೊತ್ತಿಗೆ ನನ್ನ ಗಂಡ ನೀರಿಗೆ ಇಳಿಯುತ್ತಿದ್ದರು. ಕೈಯಲ್ಲಿ ಅಡುಗೆಮನೆಯ ಒರಳಿನ ಗುಂಡು. ಅದನ್ನು ಎರಡೂ ಕೈಯಿಂದ ತಲೆಯ ಮೇಲೆ ಎತ್ತಿ ಹಿಡಿದು, ಬರೀ ಕಾಲಿನ ಬಲದ ಮೇಲೆ ತಳ ಸಿಗದ ನೀರಿನಲ್ಲಿ ನಿಲ್ಲಬೇಕು.

ಅದು ಎಪ್ಪತ್ತರ ದಶಕ. ಮುಂಬಯಿಯ ದೊಡ್ಡ ಕಚೇರಿಯೊಂದು ಅವರನ್ನು ವಾಟರ್ ಪೋಲೊ ಆಡುವುದಕ್ಕೆಂದೇ ಕೆಲಸಕ್ಕೆ ತೆಗೆದುಕೊಂಡಿತ್ತು. ಇದೇ ಬಾವಿಯಲ್ಲಿ ಬೆನ್ನಿಗೆ ಒಣ ಸೋರೆಬುರುಡೆ ಕಟ್ಟಿಕೊಂಡು ಈಜು ಕಲಿತವರು ಅವರು. "ನೀರಾಗ ಚೆಂಡಾಡಿದ್ರ ಪಗಾರ ಕೊಡ್ತಾರಂತ ನೋಡ್ರಿ" ಎಂದು ಅತ್ತೆ ಬಂದವರಿಗೆಲ್ಲ ಹೇಳುತ್ತಿದ್ದರು. ಹೆಮ್ಮೆಯೋ ಗುಮಾನಿಯೋ, ನನಗೆ ಕೊನೆಗೂ ತಿಳಿಯಲಿಲ್ಲ.

ಮದುವೆಯಾದ ವರ್ಷ ಮುಂಬಯಿಯಲ್ಲಿ ಒಮ್ಮೆ ಆಟ ನೋಡಿದ್ದೆ. ಗೋಲು ನೆನಪಿಲ್ಲ. ನೀರಿನಿಂದ ಏಳುವ ತೋಳುಗಳು, ಕಿವಿ ಮುಚ್ಚಿ ಗದ್ದದ ಕೆಳಗೆ ಲಾಡಿ ಕಟ್ಟಿದ ಟೊಪ್ಪಿಗೆಗಳು ನೆನಪಿವೆ. ಅವರದು ಮೂರನೆಯ ನಂಬರಿನದು. ರಜೆಗೆ ಬಂದಾಗ ಅದನ್ನು ತೊಳೆದು ಹಗ್ಗಕ್ಕೆ ಹಾಕುತ್ತಿದ್ದೆ. ಅತ್ತೆ ಅದನ್ನು ಎರಡು ಬೆರಳಲ್ಲಿ ಎತ್ತಿ, "ಇದ ಯಾವ ಕೂಸಿನ ಕುಂಚಿಗಿ?" ಎಂದು ಕೇಳುತ್ತಿದ್ದರು.

ಬಾವಿಯ ಮೆಟ್ಟಿಲ ಮೇಲೆ ಕುಳಿತು ಎಣಿಸುವ ಕೆಲಸ ನನ್ನದು. ಅವರ ಕೈಗಡಿಯಾರಕ್ಕೆ ನೀರು ಹೊಕ್ಕು ಯಾವತ್ತೋ ನಿಂತಿತ್ತು. ಮಾವನವರ ಗಡಿಯಾರ ಮಾವನವರ ಜೊತೆಗೇ ಬಾಗೇವಾಡಿಗೆ ಹೋಗಿಬಿಡುತ್ತಿತ್ತು. ನನಗಿದ್ದ ಅಳತೆ ಒಂದೇ, ಬೆಳಗಾವಿಯ ಕಾನ್ವೆಂಟಿನಲ್ಲಿ ಸಿಸ್ಟರ್‌ಗಳು ಕಲಿಸಿದ ಮೇರಿಮಾತೆಯ ಪ್ರಾರ್ಥನೆ. ಸಾಲಾಗಿ ನಡೆಯುತ್ತ ದಿನಾ ಹೇಳಿ ಹೇಳಿ ಅದರ ನಡಿಗೆ ನನ್ನ ನಾಲಿಗೆಯಲ್ಲಿ ಕುಳಿತಿತ್ತು. ಹಾಗೆ ಹತ್ತು ಸಲ ಹೇಳುವವರೆಗೆ ಅವರು ನಿಂತರೆ ತಂಡದಲ್ಲಿ ಜಾಗ ಗಟ್ಟಿ ಎಂದು ನಾವಿಬ್ಬರೂ ನಂಬಿದ್ದೆವು. ಕೊರಳಲ್ಲಿ ಲಿಂಗದ ಕರಡಿಗೆ, ಬಾಯಲ್ಲಿ ಇಂಗ್ಲಿಷ್ ಪ್ರಾರ್ಥನೆ. ನೀರಿನ ಬೆಳಕು ಕಲ್ಲುಗೋಡೆಯ ಮೇಲೆ ಕುಣಿಯುತ್ತಿತ್ತು. ಗೂಡಿನ ಪಾರಿವಾಳಗಳೂ ಕೇಳಿಸಿಕೊಳ್ಳುತ್ತಿದ್ದಂತಿತ್ತು.

ನಾಲ್ಕನೆಯ ವರ್ಷದ ರಜೆಯಲ್ಲಿ ಅವರು ಮೆಟ್ಟಿಲನ್ನು ಅಡ್ಡಡ್ಡ ಇಳಿಯುವುದು ಕಂಡಿತು, ಬಲ ಮೊಣಕಾಲನ್ನು ಮಡಚದೆ.

"ನೋಯಾಕತ್ತೇತೇನ್ರಿ?"

"ಇಲ್ಲ. ಮೆಟ್ಟಲಾ ಜಾರತಾವ." ಇನ್ನೊಂದು ಮೆಟ್ಟಿಲು ಇಳಿದು ಅಂದರು, "ಮುಂದಿನ ತಿಂಗಳ ಕ್ಯಾಂಪಿನ್ಯಾಗ ಮತ್ತ ಆರಸ್ತಾರ. ಈ ಸಲ ತಗದ್ರಂದ್ರ ಟೇಬಲ್ಲಿಗೆ ಕುಂಡ್ರಸ್ತಾರ. ಫೈಲಾಗ ಈಸಬೇಕು ಆಮ್ಯಾಲ."

ಆ ದಿನ ಏಳನೆಯ ಪ್ರಾರ್ಥನೆಗೆ ನೀರು ಗದ್ದ ದಾಟಿ ಕೆಳತುಟಿಗೆ ಬಂತು. ಎಂಟಕ್ಕೆ ಗುಂಡು ಓರೆಯಾಯಿತು. ಅವರ ಕಣ್ಣು ನನ್ನ ಬಾಯಿಯ ಮೇಲೇ ಇತ್ತು. ನಾನು ಒಂದೆರಡು ಶಬ್ದ ನುಂಗಿದೆ. ಹತ್ತು ಮುಗಿಯಿತು. ಮೇಲೆ ಬಂದು ಗುಂಡಿನ ಪಕ್ಕ ಕುಳಿತು, ಬಹಳ ದಿನಗಳ ಮೇಲೆ ನಕ್ಕರು.

ಮರುದಿನ ಇನ್ನಷ್ಟು ನುಂಗಿದೆ. ಹದಿನೈದು ದಿನದಲ್ಲಿ ನನ್ನ ಪ್ರಾರ್ಥನೆ ಬಸ್ ಹಿಡಿಯಲು ಓಡುವವರ ಹಾಗೆ ಓಡುತ್ತಿತ್ತು. ಸಿಸ್ಟರ್ ಕೇಳಿದ್ದರೆ ಮೊಣಕಾಲ ಮೇಲೆ ನಿಲ್ಲಿಸುತ್ತಿದ್ದರು. ಅತ್ತೆ ಮೇಲಿನಿಂದ ಕೂಗಿದರು: "ಗುಂಡು ಕೊಡ್ರಿನ್ನ. ಗಂಡಾ ಹೇಣ್ತಿ ಪೂಜಿ ಮುಗಿಸಿದ್ರ ಚಟ್ನಿ ಅರೀತೇನಿ."

ಅವರು ಹುರುಪಿನಿಂದ ಕ್ಯಾಂಪಿಗೆ ಹೋದರು. ಅಲ್ಲಿ ತರಬೇತುದಾರರ ಕೈಯಲ್ಲಿ ನಿಜವಾದ ಗಡಿಯಾರವಿತ್ತು.

ಮೂರು ವಾರಕ್ಕೆ ಮಧ್ಯಾಹ್ನದ ಬಸ್ಸಿಗೆ ತಿರುಗಿ ಬಂದರು. ಚೀಲದಲ್ಲಿ ಟೊಪ್ಪಿಗೆ ಇರಲಿಲ್ಲ. ಮೂರನೆಯ ನಂಬರನ್ನು ಬೇರೆಯವರಿಗೆ ಕೊಟ್ಟಿದ್ದರು. ಅತ್ತೆ ರೊಟ್ಟಿಯ ಮೇಲೆ ಬೆಣ್ಣೆಯಿಟ್ಟರು. ಸಂಜೆ ಗಂಡ ತೋಟಕ್ಕೆ ಹೊರಟಾಗ ಹಿಂದೆಯೇ ಹೋದೆ.

"ನಂದ ತಪ್ಪರಿ. ನಾ ಲಗೂ ಲಗೂ ಹೇಳತಿದ್ದೆ."

"ಗೊತ್ತಿತ್ತು. ಕಿವಿ ನೀರಾಗ ಇರಲಿಲ್ಲಲ್ಲ."

"ಮತ್ತ ಯಾಕ ಸುಮ್ನಿದ್ರಿ?"

"ಹತ್ತು ಅಂತ ನಿನ್ನ ಬಾಯಾಗ ಕೇಳೂದು ಬೇಕಾಗಿತ್ತು." ಅಂಗಿ ಕಳಚಿ ನನ್ನ ಕೈಗೆ ಕೊಟ್ಟರು. "ಇವತ್ತ ಸಾವಕಾಶ ಹೇಳು. ಸಾಲಿಯೊಳಗ ಹೇಳತಿದ್ದಿಯಲ್ಲ, ಹಂಗ."

ಗುಂಡು ತಂದಿರಲಿಲ್ಲ. ಬರಿಗೈಯನ್ನೇ ಮೇಲೆತ್ತಿ ನೀರಿನಲ್ಲಿ ನಿಂತರು. ನಾನು ಒಂದೊಂದೇ ಶಬ್ದವನ್ನು ಇಡಿಯಾಗಿ ಹೇಳಿದೆ. ನಡುವೆ ಉಸಿರಿಗೂ ಜಾಗ ಬಿಟ್ಟೆ. ಸಂಜೆಯ ಬಿಸಿಲು ಅವರ ಬೆರಳ ತುದಿಯಲ್ಲಿತ್ತು. ಆರನೆಯದು ಮುಗಿದಾಗ ಕೈಗಳು ತಾವಾಗಿ ನೀರಿಗೆ ಇಳಿದವು.

"ಆರು" ಎಂದರು ಅವರೇ, ನನಗಿಂತ ಮೊದಲು.

ಆಮೇಲೆ ಬೆನ್ನ ಮೇಲೆ ಮಲಗಿ, ಕಿವಿ ಮುಳುಗಿಸಿ, ಬಹಳ ಹೊತ್ತು ತೇಲಿದರು. ನಾನು ಅಂಗಿ ಹಿಡಿದು ಮೂರನೆಯ ಮೆಟ್ಟಿಲ ಮೇಲೆ ಕುಳಿತಿದ್ದೆ. ಎಣಿಸಲಿಲ್ಲ.