ಮಾತಿಲ್ಲದ ಪಾತ್ರಗಳ ಲೂಡೊಲ್ಫ್

ನನ್ನ ತಮ್ಮ ಲೂಡೊಲ್ಫ್ ಕೆಸ್ಟರ್‌ಮನ್ ಜರ್ಮನಿಯ ಹಾಲೆ ಊರಿನ ರಂಗಮಂದಿರದಲ್ಲಿ ಖಳನಾಯಕನಾಗಿ ಗುಡುಗುತ್ತಿದ್ದಾಗ ನಾನು ಅಲ್ಲೇ ನಟರ ಉಡುಪು ಹೊಲಿಯುತ್ತಿದ್ದೆ. ಮಹಾಯುದ್ಧಕ್ಕೆ ಮೊದಲು ಅವನಿಗೆ ಗಂಟಲುಮಾರಿ ಬಂತು. ಜೀವ ಉಳಿಯಿತು, ದನಿ ಉಳಿಯಲಿಲ್ಲ. ಗಂಟಲಿನಿಂದ ಪಿಸುಮಾತಿಗಿಂತ ಹೆಚ್ಚೇನೂ ಹೊರಡದು. ಆಮೇಲೆ ಸಿಕ್ಕಿದ್ದೆಲ್ಲ ಬಾಗಿಲು ತೆರೆಯುವ, ತಟ್ಟೆ ಹಿಡಿಯುವ ಆಳಿನ ಪಾತ್ರಗಳೇ.

ಒಂದು ಸಂಜೆ ನಾಯಕ ನಟ ಹೈನ್‌ಕೆ ನಾಯಕಿಗೆ ಪ್ರೇಮದ ಮಾತು ಹೇಳುತ್ತಿದ್ದ. ಲೂಡೊಲ್ಫ್ ಅವಳಿಗೆ ಕಾಫಿ ಬಗ್ಗಿಸಬೇಕಿತ್ತು. ಈ ಆಳಿಗೂ ಅವಳ ಮೇಲೆ ಮನಸ್ಸಿರಬಾರದೇಕೆ ಎಂದು ಅವನಿಗೆ ಅನ್ನಿಸಿತಂತೆ. ಅವಳತ್ತ ನೋಡಿದ, ಕೈ ನಿಂತಿತು, ಮತ್ತೆ ಬಗ್ಗಿಸಿದ. ಅಷ್ಟೇ. ಜನವೆಲ್ಲ ಹೈನ್‌ಕೆಯನ್ನು ಬಿಟ್ಟು ಇವನನ್ನೇ ನೋಡತೊಡಗಿತು.

ತೆರೆ ಬಿದ್ದದ್ದೇ ಹೈನ್‌ಕೆ ಹರಿಹಾಯ್ದ. "ಕಾಫಿ ಬಗ್ಗಿಸು ಅಂದ್ರೆ ನನ್ನ ಪಾತ್ರಾನೇ ಚೆಲ್ಲಿಬಿಟ್ಯಲ್ಲೋ."

ಮರುದಿನ ಲೂಡೊಲ್ಫನ ಕೆಲಸ ಹೋಯಿತು.

"ಬರ್ಲಿನ್‌ನಲ್ಲಿ ಸಿನಿಮಾ ತೆಗೀತಾರೆ. ಅಲ್ಲಿ ಬಾಯಿ ಬೇಕಾಗಿಲ್ಲ, ಹೊರಡು" ಅಂದೆ.

"ಅದು ಜಾತ್ರೆ ಡೇರೆಯೊಳಗಿನ ತಮಾಷೆ ಕಣಕ್ಕಾ."

"ಇಲ್ಲಿ ತಟ್ಟೆ ಹಿಡಿಯೋದು ಭಾರಿ ಕಲೆ ಏನೋ?"

ನಾವಿಬ್ಬರೂ ಹೋದ ದಿನ ಬರ್ಲಿನ್‌ನ ವೈಸೆನ್‌ಸೇ ಬಡಾವಣೆಯ ಗಾಜಿನ ಸ್ಟುಡಿಯೋದಲ್ಲಿ ಹೊಸಬರ ಪರೀಕ್ಷೆ. ಕ್ಷೌರ ಮಾಡಿಕೊಳ್ಳುತ್ತಿರುವ ತಂದೆಗೆ ಮಗಳು ಮುಳುಗಿ ಸತ್ತ ಸುದ್ದಿ ಬರುತ್ತದೆ, ಅದನ್ನು ಆಡಿ ತೋರಿಸಬೇಕು. ಇವನಿಗಿಂತ ಮೊದಲು ಬಂದವರೆಲ್ಲ ಎದೆ ಹಿಡಿದು, ಕಣ್ಣು ತಿರುಗಿಸಿ, ನೆಲಕ್ಕೆ ಬಿದ್ದಿದ್ದರು.

"ನೀವಾದ್ರೂ ಬೀಳ್ದೇ ಇರ್ತೀರಾ?" ಎಂದರು ನಿರ್ದೇಶಕ ಫ್ರೇಬೆಲ್.

ಲೂಡೊಲ್ಫ್ ಸುದ್ದಿ ಕೇಳಿ ಸುಮ್ಮನೆ ನಿಂತ. ಅರ್ಧ ಮುಖದಲ್ಲಿ ಇನ್ನೂ ಸಾಬೂನಿನ ನೊರೆಯಿತ್ತು. ಆಮೇಲೆ ಆ ಕೆನ್ನೆಯನ್ನು ಮೆಲ್ಲಗೆ, ಒಂದು ಕೂದಲೂ ಉಳಿಯದಂತೆ ಬೋಳಿಸಿದ, ಮಗಳು ಇನ್ನೇನು ಬಂದು ಮುತ್ತಿಡುತ್ತಾಳೆ ಎಂಬಂತೆ. ನಾನು ಹಿಡಿದಿದ್ದ ಅವನ ಕೋಟು ನನ್ನ ಮುಷ್ಟಿಯಲ್ಲಿ ಮುದ್ದೆಯಾಗಿತ್ತು. ಕ್ಯಾಮೆರಾದ ಹಿಡಿ ತಿರುಗಿಸುತ್ತಿದ್ದವನು ತಿರುಗಿಸುತ್ತಲೇ ಇದ್ದ. ಕೊನೆಗೆ ಪೆಟ್ಟಿಗೆಯಲ್ಲಿ ಫಿಲ್ಮೇ ಮುಗಿಯಿತು.

"ನಿಲ್ಸು ಅಂತ ಹೇಳ್ಬಾರ್ದಾ ಸ್ವಾಮಿ?" ಎಂದು ಕ್ಯಾಮೆರಾದವನು ಕೇಳಿದ.

"ಹೇಳೋಕೆ ಬಾಯಿ ಬಂದ್ರೆ ತಾನೆ" ಎಂದರು ಫ್ರೇಬೆಲ್.

ಅಲ್ಲಿಂದ ಒಂದರ ಹಿಂದೊಂದು ಚಿತ್ರ. ಒಮ್ಮೆ ನಾಯ್‌ಕೋಲ್ನ್ ಸಂತೆಯಲ್ಲಿ ತರಕಾರಿ ಮಾರುವವಳು ಮೂಲಂಗಿ ಕಟ್ಟಿನಿಂದ ಅವನಿಗೆ ಬಾರಿಸಿದಳು. "ಮಲಮಗಳನ್ನ ಚಳೀಲಿ ಹೊರಗೆ ನೂಕ್ತೀಯಾ, ಪಾಪಿ?" ಅವನಿಗೋ ಹಿಗ್ಗೇ ಹಿಗ್ಗು. "ಅಕ್ಕಾ, ನಂಬಿಬಿಟ್ಟಿದಾಳೆ ಕಣೆ" ಎಂದು ದಾರಿಯುದ್ದಕ್ಕೂ ಪಿಸುಗುಟ್ಟಿದ.

ಮುಂದೆ ಮಾತಾಡುವ ಚಿತ್ರ ಬಂತು. ಮೈಕಿನ ಮುಂದೆ ಲೂಡೊಲ್ಫ್ ಒಂದು ಸಾಲು ಹೇಳಿದ, ಧ್ವನಿ ಹಿಡಿಯುವವನು ಆಗದೆಂದು ತಲೆಯಾಡಿಸಿಬಿಟ್ಟ. ನಾವಿಬ್ಬರೂ ಮಂಕಾಗಿ ಕೂತಿದ್ದಾಗ ಕಿವುಡರ ಸಂಘದಿಂದ ಆಲ್ವಿನ್ ಎಂಬ ಚಮ್ಮಾರ ಬಂದ. ಜೊತೆಗೆ ಕಿವಿ ಕೇಳುವ ಮಗಳು ಟ್ರೂಡೆ. ಅವನು ಕೈಸನ್ನೆ ಮಾಡಿದ್ದನ್ನು ಅವಳು ನಮಗೆ ಬಾಯಲ್ಲಿ ಹೇಳಿದಳು.

"ಇನ್ಮೇಲೆ ಸಿನಿಮಾ ನಮ್ಮದೂ ಅಲ್ಲ ಅಂತಿದಾರೆ ಅಪ್ಪ. ನಮ್ ಜೊತೆ ನಾಟಕ ಆಡ್ತೀರಾ ಅಂತ ಕೇಳ್ತಿದಾರೆ."

ಲೂಡೊಲ್ಫ್ ಸನ್ನೆಭಾಷೆ ಕಲಿಯಲು ಕೂತ. ಒಂದು ದಿನ ಆಲ್ವಿನ್ ಹೊಟ್ಟೆ ಹಿಡಿದು ನಕ್ಕ.

"ನೀವು ಹಡಗು ಹೊರಟಿತು ಅನ್ನೋ ಕಡೆ ಹಂದಿ ಹೊರಟಿತು ಅಂದ್ರಂತೆ" ಎಂದಳು ಟ್ರೂಡೆ.

ಮೊದಲ ಪ್ರದರ್ಶನದಲ್ಲಿ ಅವನದು ಹಡಗಿನ ಕಪ್ತಾನನ ಪಾತ್ರ, ತುಂಬಾ ಮಾತಿದ್ದ ಪಾತ್ರ. ಎಲ್ಲವನ್ನೂ ಕೈಯಲ್ಲೇ ಆಡಿದ. ತೆರೆ ಬೀಳುತ್ತಲೇ ಚಪ್ಪಾಳೆಯ ಬದಲು ಸಭಾಂಗಣದ ತುಂಬ ಬಿಳಿ ಕರವಸ್ತ್ರಗಳು ಹಾರಾಡಿದವು. ನನ್ನ ತಮ್ಮ ತಲೆಬಾಗುವುದನ್ನೂ ಮರೆತು, ಆಲ್ವಿನನ ತೋಳು ಜಗ್ಗಿ, ಮುಂದಿನ ನಾಟಕ ಯಾವುದೆಂದು ಅಲ್ಲೇ ಸನ್ನೆ ಮಾಡಿ ಕೇಳುತ್ತಿದ್ದ.