ಅಕ್ಕನ ಉಗುರಿನ ಮೇಲೆ ನಿಂತ ಹನಿ

ನಾನು ಚಿಕ್ಕವನಿದ್ದಾಗ ನನ್ನ ಅಕ್ಕನ ಉಗುರಿನ ಮೇಲೆ ನೀರು ನಿಲ್ಲುತ್ತಿತ್ತು. ನಗಬೇಡಿ ಮಕ್ಕಳೇ, ಇದು ಕಟ್ಟುಕತೆಯಲ್ಲ. ಅಕ್ಕ ಬಾವಿಕಟ್ಟೆಯ ಮೇಲೆ ಕೈ ಚಾಚಿ ಕೂರುತ್ತಿದ್ದಳು. ನಾನು ಬಿಂದಿಗೆಯಲ್ಲಿ ಬೆರಳು ಅದ್ದಿ, ಒಂದೇ ಒಂದು ಹನಿಯನ್ನು ಅವಳ ಎಡಗೈ ತೋರುಬೆರಳಿನ ಉಗುರಿನ ಮೇಲೆ ಬಿಡುತ್ತಿದ್ದೆ. ಪುಟ್ಟ ದೊನ್ನೆಯೊಳಗೆ ಕೂತ ಹಾಗೆ ಹನಿ ಅಲ್ಲೇ ಕೂತುಬಿಡುತ್ತಿತ್ತು. ಅದರೊಳಗೆ ಆಕಾಶ, ಬಾವಿಯ ರಾಟೆ, ಬಗ್ಗಿ ನೋಡುವ ನನ್ನ ಮುಖ ಎಲ್ಲವೂ ಕಾಣುತ್ತಿದ್ದವು. ಅದೇ ಹನಿಯನ್ನು ನನ್ನ ಉಗುರಿನ ಮೇಲೆ ಬಿಟ್ಟರೆ ಸರ್ರನೆ ಜಾರಿ ಮೊಣಕೈ ಸೇರುತ್ತಿತ್ತು.

ಉಗುರು ಎಂದರೆ ಆಗ ನಮಗೆ ದೊಡ್ಡ ವಿಷಯ. ಸಂಜೆ ಕೆರೆಯ ಕಡೆಯಿಂದ ಕೊಕ್ಕರೆಗಳು ಸಾಲಾಗಿ ಹಾರಿ ಹೋಗುವಾಗ ಊರಿನ ಮಕ್ಕಳೆಲ್ಲ ಎರಡು ಕೈಗಳ ಉಗುರುಗಳನ್ನು ಒಂದಕ್ಕೊಂದು ಉಜ್ಜುತ್ತಾ, ನಮಗೂ ಹೂ ಕೊಡಿ ಎಂದು ಆಕಾಶಕ್ಕೆ ಮುಖ ಮಾಡಿ ಕೂಗುತ್ತಿದ್ದೆವು. ಯಾರ ಉಗುರಿನಲ್ಲಿ ಬಿಳಿ ಚುಕ್ಕೆ ಮೂಡುತ್ತದೋ ಅವರಿಗೆ ಕೊಕ್ಕರೆ ಹೂ ಕೊಟ್ಟಿದೆ ಎಂದು ಅರ್ಥ. ನನ್ನ ಬೆರಳುಗಳಲ್ಲಿ ನಾಲ್ಕು ಹೂಗಳಿದ್ದವು. ಅಕ್ಕನಿಗೆ ಒಂದೂ ಇರಲಿಲ್ಲ. ಆದರೆ ಅವಳಿಗೆ ಹನಿ ಇತ್ತಲ್ಲ! ಅದನ್ನು ನೋಡಲು ಓಣಿಯ ಹುಡುಗರೆಲ್ಲ ಬರುತ್ತಿದ್ದರು. ನಾನು ಅವರಿಂದ ಹಿಡಿ ಹಿಡಿ ಕಡಲೆಕಾಯಿ ವಸೂಲಿ ಮಾಡುತ್ತಿದ್ದೆ.

ಅಕ್ಕನಿಗೂ ನನಗೂ ಒಂದು ಗುಟ್ಟಿತ್ತು. ನನ್ನ ಬಳಪಗಳನ್ನು ಅವಳು ತಿನ್ನುತ್ತಿದ್ದಳು. ಕಟುಂ ಕಟುಂ ಎಂದು, ಕಬ್ಬಿನ ತುಂಡು ತಿಂದ ಹಾಗೆ. ಸ್ಲೇಟು ಇದೆ, ಬಳಪ ಇಲ್ಲ ಎಂದು ಮೇಷ್ಟ್ರ ಕೈಯಲ್ಲಿ ನಾನು ಏಟು ತಿಂದರೂ ಬಾಯಿ ಬಿಡುತ್ತಿರಲಿಲ್ಲ. ಅಮ್ಮನ ಮೇಲೆ ಆಣೆ ಹಾಕಿಸಿಕೊಂಡಿದ್ದಳು. ಅಲ್ಲದೆ ನನಗೆ ಅ ಆ ಇ ಈ ತಿದ್ದಿಸಿದವಳೇ ಅವಳು. ಎಂಟನೆಯ ತರಗತಿಯಲ್ಲಿ ಓದುತ್ತಿದ್ದಳು. ನಮ್ಮ ಮನೆಯಲ್ಲಿ ಅಷ್ಟು ದೂರ ಓದಿದವರು ಅದುವರೆಗೆ ಯಾರೂ ಇರಲಿಲ್ಲ.

ಆ ವರ್ಷ ಮಾತ್ರ ಅಕ್ಕ ಅಕ್ಕನ ಹಾಗೆ ಇರಲಿಲ್ಲ. ಶಾಲೆಯ ದಾರಿಯಲ್ಲಿ ಎರಡು ಸಲ ಕೂತು ಏಳುತ್ತಿದ್ದಳು. ತರಗತಿಯಲ್ಲಿ ನಿದ್ದೆ ಮಾಡುತ್ತಾಳೆ ಎಂದು ಶಾಲೆಯಿಂದ ಹೇಳಿ ಕಳಿಸಿದರು. ಪಕ್ಕದ ಮನೆಯವರು, ಹುಡುಗಿ ಬಿಳಿಚಿಕೊಂಡಿದ್ದಾಳೆ ಎಂದಾಗ ಅಮ್ಮನಿಗೆ ರೋಷ ಬಂತು. ಆಗ ಆಷಾಢ. ನಮ್ಮ ಕಡೆ ಆಷಾಢದಲ್ಲಿ ಹೆಣ್ಣುಮಕ್ಕಳೆಲ್ಲ ಗೋರಂಟಿ ಹಾಕಿಕೊಳ್ಳುತ್ತಾರೆ. ಅಮ್ಮ ಗೋರಂಟಿ ಸೊಪ್ಪನ್ನು ಹುಣಸೆಹಣ್ಣಿನ ಜೊತೆ ನುಣ್ಣಗೆ ರುಬ್ಬಿ ಅಕ್ಕನ ಹತ್ತು ಬೆರಳಿಗೂ ಟೋಪಿಯಂತೆ ಮೆತ್ತಿದಳು. ಬೆಳಿಗ್ಗೆ ತೊಳೆದಾಗ ಉಗುರುಗಳು ಕೆಂಡದ ಹಾಗೆ ಹೊಳೆದವು. ಅಮ್ಮ ಆ ಕೈ ಹಿಡಿದು ಬೇಲಿಯಾಚೆಗೆ ತೋರಿಸಿ, “ನೋಡ್ರಮ್ಮ, ಎಂಗೆ ಕೆಂಪಗೈತೆ! ನನ್ನ ಮಗಳ ಮೈಯಲ್ಲಿ ರಕ್ತ ಇಲ್ಲ ಅಂತೀರಲ್ಲ” ಎಂದಳು. ನಾವೆಲ್ಲರೂ ಅದನ್ನೇ ನಂಬಿದೆವು.

ಅಪ್ಪ ಮಾತ್ರ ಬೇರೆಯೇ ತೀರ್ಮಾನ ಮಾಡಿದ್ದ. ನಮ್ಮ ಮನೆಯ ಎಮ್ಮೆಗಳ ಹಾಲನ್ನು ಅವನು ಬಂಗಾರಪೇಟೆಯಿಂದ ರೈಲಿನಲ್ಲಿ ಹೊತ್ತುಕೊಂಡು ಹೋಗಿ ಆಂಡರ್ಸನ್‌ಪೇಟೆಯ ಮನೆಗಳಿಗೆ ಹಾಕುತ್ತಿದ್ದ. ಅಲ್ಲೊಂದು ಮನೆಗೆ ಹೊಸದಾಗಿ ಬಂದ ನರ್ಸಮ್ಮ ಮನೆಗೆಲಸಕ್ಕೆ ಒಂದು ಹುಡುಗಿ ಬೇಕೆಂದು ಕೇಳಿದ್ದರು. “ಇಸ್ಕೂಲಲ್ಲಿ ನಿದ್ದೆ ಮಾಡೋಕೆ ಅಷ್ಟು ದೂರ ಯಾಕೆ ಓಗ್ಬೇಕು? ನಾಳೆ ಬಾ, ಕೆಲಸಕ್ಕೆ ಬಿಟ್ಟು ಬತ್ತೀನಿ” ಎಂದು ಅಪ್ಪ ಅಕ್ಕನಿಗೆ ಹೇಳಿದ. ಅಕ್ಕ ಅಳಲಿಲ್ಲ. ತನ್ನ ಪುಸ್ತಕಗಳನ್ನು ಒಂದು ಬಟ್ಟೆಯಲ್ಲಿ ಕಟ್ಟಿ ನನ್ನ ಕೈಗೆ ಕೊಟ್ಟು, “ಒದ್ದೆ ಮಾಡ್ಬೇಡ ಕಣ್ಲಾ” ಎಂದಳು ಅಷ್ಟೇ. ನಾನೂ ಬರುತ್ತೇನೆ ಎಂದು ನೆಲಕ್ಕೆ ಬಿದ್ದು ಹಟ ಮಾಡಿದೆ.

ಮಾರನೆಯ ಬೆಳಿಗ್ಗೆ ಮೂವರೂ ಹೊರಟೆವು. ಬಂಗಾರಪೇಟೆ ಸ್ಟೇಷನ್ನಿನ ಮೇಲ್ಸೇತುವೆಯ ಮೆಟ್ಟಿಲುಗಳ ನಡುವೆ ಅಕ್ಕ ಎದೆ ಹಿಡಿದುಕೊಂಡು ನಿಂತಳು. ಎರಡು ಕ್ಯಾನು ಹಾಲು ಹೊತ್ತ ಅಪ್ಪ ಮೇಲಿನಿಂದ, “ಏನ್ಲೇ, ನಮ್ಮ ಗಬ್ಬದ ಎಮ್ಮೆನೇ ನಿನಗಿಂತ ಬಿರಬಿರನೆ ಮೆಟ್ಲು ಅತ್ತದೆ!” ಎಂದು ಕೂಗಿದ. ಜನ ನಕ್ಕರು. ನಾನೂ ನಕ್ಕೆ. ಆ ನಗು ಈಗಲೂ ನನ್ನನ್ನು ಚುಚ್ಚುತ್ತದೆ.

ರೈಲು ಹೊರಟಿತು. ಕಿಟಕಿಯ ಸರಳುಗಳಿಗೆ ನೇತುಹಾಕಿದ ಹಾಲಿನ ಕ್ಯಾನುಗಳು ಟಣ್ ಟಣ್ ಎನ್ನುತ್ತಿದ್ದವು. ಹಸಿ ಹಾಲು, ಕೊತ್ತಂಬರಿ ಸೊಪ್ಪು, ಬೀಡಿಯ ಹೊಗೆ ಎಲ್ಲ ಸೇರಿದ ಒಂದು ವಾಸನೆ. ಊರಿಗಾಂ ಸ್ಟೇಷನ್ ಹತ್ತಿರ ಬರುತ್ತಲೇ ಗಣಿಯಿಂದ ಬಂದ ಪುಡಿಮಣ್ಣಿನ ಬೋಳು ದಿಬ್ಬಗಳು ಕಂಡವು, ರಾಕ್ಷಸರು ಹಿಟ್ಟು ಸುರಿದ ಹಾಗೆ. ಅವುಗಳ ಪಕ್ಕದಲ್ಲಿ ಆಕಾಶಕ್ಕೆ ಎದ್ದ ಕಬ್ಬಿಣದ ಗೋಪುರಗಳ ತುದಿಯಲ್ಲಿ ದೊಡ್ಡ ಚಕ್ರಗಳು ತಿರುಗುತ್ತಿದ್ದವು. ಆ ಚಕ್ರದ ಹಗ್ಗ ಹಿಡಿದು ಜನ ಭೂಮಿಯ ಹೊಟ್ಟೆಯೊಳಗೆ ಇಳಿಯುತ್ತಾರೆ, ಕತ್ತಲಲ್ಲಿ ಕಲ್ಲು ಒಡೆದು ಚಿನ್ನ ತರುತ್ತಾರೆ ಎಂದು ಅಪ್ಪ ಹೇಳಿದ. ಒಳಗಿರುವುದನ್ನು ಕಾಣಲು ಅಷ್ಟೊಂದು ಅಗೆಯಬೇಕಲ್ಲ ಎಂದು ನಾನು ಬಾಯಿ ತೆರೆದುಕೊಂಡು ಕೂತೆ.

ಕೊನೆಯ ಸ್ಟೇಷನ್ ಮಾರಿಕುಪ್ಪಂನಲ್ಲಿ ಇಳಿದು ಆಂಡರ್ಸನ್‌ಪೇಟೆಗೆ ನಡೆದೆವು. ನರ್ಸಮ್ಮನ ಮನೆಯ ತುಂಬ ಸ್ಪಿರಿಟ್ಟಿನ ವಾಸನೆ, ಗಂಜಿ ಹಾಕಿದ ಬಿಳಿ ಸೀರೆಯ ವಾಸನೆ. ಅವರ ಮನೆಮಾತು ತಮಿಳು. ಕನ್ನಡದ ನಡುವೆ ಮುದ್ದಿನ ಮಾತು ಮಾತ್ರ ತಮಿಳಿನಲ್ಲೇ ಬರುತ್ತಿತ್ತು, ಮಕ್ಕಳನ್ನೆಲ್ಲ ‘ಕಣ್ಣು’ ಎಂದೇ ಕರೆಯುತ್ತಿದ್ದರು. “ಕೆಲಸ ಮಾಡೋ ಕೈ ಎಲ್ಲಿ, ತೋರಿಸು ಕಣ್ಣು” ಎಂದು ಅಕ್ಕನನ್ನು ಕಿಟಕಿಯ ಬೆಳಕಿಗೆ ಕರೆದರು. ಪಾತ್ರೆ ತಿಕ್ಕುವ ಕೈಯಲ್ಲಿ ಬಲ ಇದೆಯೋ ಇಲ್ಲವೋ ನೋಡುತ್ತಾರೆ ಎಂದುಕೊಂಡೆವು. ಅವರು ಗೋರಂಟಿಯನ್ನು ನೋಡಿ ನಕ್ಕರು. ಆಮೇಲೆ ಕೈಯನ್ನು ಪಕ್ಕಕ್ಕೆ ತಿರುಗಿಸಿದರು. ನಗು ನಿಂತಿತು.

ಅಕ್ಕನನ್ನು ಬಿಟ್ಟು ಹೋಗುವ ಗಳಿಗೆ ಬಂತೆಂದು ನನಗೆ ದಿಗಿಲಾಯಿತು. ಅವಳು ಎಂಥವಳೆಂದು ನರ್ಸಮ್ಮನಿಗೆ ತಿಳಿಯಲಿ ಎಂದು, “ನಮ್ಮಕ್ಕನ ಉಗುರಲ್ಲಿ ನೀರು ನಿಂತ್ಕೊಳ್ತದೆ!” ಎಂದುಬಿಟ್ಟೆ. ಅಪ್ಪ ಗದರಿದ. ನರ್ಸಮ್ಮ ಗದರಲಿಲ್ಲ. ಒಳಗೆ ಹೋಗಿ, ಕಣ್ಣಿಗೆ ಔಷಧಿ ಬಿಡುವ ಗಾಜಿನ ಕೊಳವೆಯಲ್ಲಿ ನೀರು ತಂದರು. ಒಂದು ಹನಿ ಬಿಟ್ಟರು. ಹನಿ ನಿಂತಿತು. ಅದರೊಳಗೆ ಅವರ ಮನೆಯ ಕಿಟಕಿ ಇಡಿಯಾಗಿ ಹೊಳೆಯಿತು. ನನ್ನ ಉಗುರಿನ ಮೇಲೆ ಬಿಟ್ಟರು, ಜಾರಿತು. ಅಪ್ಪನದರ ಮೇಲೂ ಜಾರಿತು. ನರ್ಸಮ್ಮ ಅಕ್ಕನ ಕಣ್ಣಿನ ಕೆಳರೆಪ್ಪೆಯನ್ನು ಹೆಬ್ಬೆರಳಿನಿಂದ ಎಳೆದು ನೋಡಿದರು. ಒಳಗೆ ಕೆಂಪೇ ಇರಲಿಲ್ಲ, ಮಜ್ಜಿಗೆಯ ಬಣ್ಣ. ಆಮೇಲೆ ಮೆಲ್ಲಗೆ ಕೇಳಿದರು: “ಏನು ತಿಂತೀಯ ಕಣ್ಣು? ಮಣ್ಣಾ, ಸುಣ್ಣಾನಾ, ಬಳಪಾನಾ?”

ಅಕ್ಕ ನನ್ನನ್ನು ತಿನ್ನುವ ಹಾಗೆ ನೋಡಿದಳು. “ಅಮ್ಮನಾಣೆ, ನಾನು ಏಳಿಲ್ಲ ಕಣಕ್ಕಾ!” ಎಂದು ನಾನು ಅಳತೊಡಗಿದೆ. ನರ್ಸಮ್ಮ ನನ್ನ ತಲೆ ಸವರಿ, “ಅವನು ಹೇಳಲಿಲ್ಲ. ಚಮಚದ ಹಾಗೆ ಬಗ್ಗಿರೋ ನಿನ್ನ ಉಗುರು ಹೇಳ್ತು” ಎಂದರು. ಅಪ್ಪನ ಕಡೆ ತಿರುಗಿ, “ಇವಳು ಸೋಮಾರಿ ಅಲ್ಲ ಹಾಲಿನವರೇ. ಮೈಯಲ್ಲಿ ರಕ್ತ ಇಲ್ಲ, ಅದಕ್ಕೇ ಈ ಸುಸ್ತು, ಅದಕ್ಕೇ ಬಳಪ ತಿನ್ನೋ ಆಸೆ. ಇವಳನ್ನ ಕೆಲಸಕ್ಕಲ್ಲ, ಆಸ್ಪತ್ರೆಗೆ ಕರ್ಕೊಂಡು ಬರಬೇಕಿತ್ತು” ಎಂದರು.

ಅಪ್ಪನಿಗೆ ನಂಬಿಕೆ ಬರಲಿಲ್ಲ. “ಕೆಲಸಕ್ಕೆ ಬ್ಯಾಡ ಅಂದ್ರೆ ಬ್ಯಾಡ ಅನ್ನಿ ನರ್ಸಮ್ಮ. ಉಗುರು ನೋಡಿ ಕಾಯಿಲೆ ಏಳೋಕೆ ಇದೇನು ಗಿಣಿಶಾಸ್ತ್ರನಾ?” ಎಂದ.

“ನಿಮ್ಮ ಕೈ ಕೊಡಿ” ಎಂದರು ನರ್ಸಮ್ಮ. ಹಾಲು ಕರೆದು ಕರೆದು ದಪ್ಪಗಾದ ಅಪ್ಪನ ಉಗುರುಗಳ ಮೇಲೆ ಬೆರಳಾಡಿಸಿದರು. ಪ್ರತಿ ಉಗುರಿನ ನಡುವೆಯೂ ಅಡ್ಡಕ್ಕೆ ಒಂದು ಗೀಟು, ಒಂದೇ ಎತ್ತರದಲ್ಲಿ, ನೇಗಿಲ ಸಾಲಿನ ಹಾಗೆ. ದಿನಾ ಆ ಕೈಯಿಂದ ತುತ್ತು ತಿಂದ ನಾನೇ ಅದನ್ನು ನೋಡಿರಲಿಲ್ಲ. “ಯುಗಾದಿ ಹತ್ತಿರ ದೊಡ್ಡ ಜ್ವರ ಬಂದು ಮಲಗಿದ್ರಾ?” ಎಂದು ಕೇಳಿದರು.

ಅಪ್ಪ ಕೈ ಹಿಂದಕ್ಕೆ ಎಳೆದುಕೊಂಡ. ಯುಗಾದಿಯ ಹೋಳಿಗೆಯನ್ನೂ ಮುಟ್ಟದೆ ಅವನು ಹದಿನೈದು ದಿನ ಚಾಪೆ ಹಿಡಿದಿದ್ದು ನಿಜ. ನರ್ಸಮ್ಮ ಆ ಮನೆಗೆ ಬಂದು ಒಂದು ತಿಂಗಳೂ ಆಗಿರಲಿಲ್ಲ. “ಯಾರು ಏಳಿದ್ರು ನಿಮ್ಗೆ?” ಎಂದ. ದನಿ ಸಣ್ಣಗಾಗಿತ್ತು.

“ಉಗುರು ನಮ್ಮ ಮಾರಿಕುಪ್ಪಂ ರೈಲಿನ ಹಾಗೆ” ಎಂದರು ನರ್ಸಮ್ಮ. “ಬುಡದಲ್ಲಿ ಹತ್ತುತ್ತೆ, ನಿಧಾನಕ್ಕೆ ತುದಿಗೆ ಬರುತ್ತೆ. ಜ್ವರ ಬಂದಾಗ ಉಗುರು ಬೆಳೆಯೋದು ನಿಂತುಬಿಡ್ತು, ಗೀಟು ಬಿತ್ತು. ಆ ಗೀಟು ಬಂಗಾರಪೇಟೆಯಲ್ಲಿ ಹತ್ತಿ ಈಗ ಊರಿಗಾಂ ತಂಕ ಬಂದಿದೆ. ಮಾರಿಕುಪ್ಪಂ ಬಂದ್ರೆ ಕತ್ತರಿಸಿ ಬಿಸಾಕ್ತೀರಿ. ನೀವು ಹುಷಾರಾಗಿದ್ದೀರಿ, ಭಯ ಇಲ್ಲ. ಈ ಮಗು ಹುಷಾರಾಗಿಲ್ಲ.”

ಮಕ್ಕಳೇ, ಆ ಕ್ಷಣ ನನ್ನ ಮೈ ಜುಮ್ಮೆಂದಿತು. ಹೊರಗೆ ಭೂಮಿಯ ಒಳಗನ್ನು ಕಾಣಲು ಚಕ್ರ, ಹಗ್ಗ, ಗೋಪುರ. ಇಲ್ಲಿ ಈ ಹೆಂಗಸು ಕಿಟಕಿಯ ಪಕ್ಕ ಕೂತು, ಒಂದು ಹನಿ ನೀರು ಹಿಡಿದು ಮನುಷ್ಯನ ಒಳಗನ್ನು ಕಾಣುತ್ತಿದ್ದಾರೆ! ಇದನ್ನೆಲ್ಲ ಓದಿ ಕಲಿಯಬಹುದೇ ಎಂದು ಕೇಳಿದೆ. “ಇಲ್ಲದಿದ್ರೆ ನಾನೇನು ಹುಟ್ಟುವಾಗಲೇ ಕಲಿತು ಬಂದ್ನಾ?” ಎಂದು ನಕ್ಕರು. ನನ್ನ ನಾಲ್ಕು ಕೊಕ್ಕರೆ ಹೂಗಳನ್ನೂ ಚಾಚಿದೆ. ದೊಡ್ಡ ಕಾಯಿಲೆ ಏನಾದರೂ ಸಿಕ್ಕೀತೆಂಬ ಆಸೆ. “ಇದಾ? ಎಲ್ಲೋ ಬೆರಳು ಜಜ್ಜಿಕೊಂಡಿದ್ದೀಯ, ಅಷ್ಟೇ” ಎಂದುಬಿಟ್ಟರು.

ಆದರೆ ಅವರು ಉಗುರನ್ನಷ್ಟೇ ನಂಬಿ ಕೂರಲಿಲ್ಲ. “ಉಗುರು ಬಾಗಿಲು ತಟ್ಟುತ್ತೆ. ಬಂದಿರೋದು ಯಾರು ಅಂತ ರಕ್ತ ನೋಡಿಯೇ ಹೇಳ್ಬೇಕು” ಎಂದು ನಮ್ಮನ್ನು ತಮ್ಮ ಜೊತೆಗೇ ಆಸ್ಪತ್ರೆಗೆ ಕರೆದುಕೊಂಡು ಹೋದರು. ಸೂಜಿ ಚುಚ್ಚಿ ತೆಗೆದ ಅಕ್ಕನ ರಕ್ತ ಗೋರಂಟಿ ತೊಳೆದ ನೀರಿನಷ್ಟು ತೆಳುವಾಗಿತ್ತು. ಬರಿಗಾಲಲ್ಲಿ ಹೊಲದ ಒದ್ದೆ ಮಣ್ಣು ತುಳಿಯುವಾಗ ಪಾದದಿಂದ ಒಳಹೊಕ್ಕ ಹುಳಗಳು ಅವಳ ಹೊಟ್ಟೆಯಲ್ಲಿ ಸೇರಿ ರಕ್ತ ಹೀರುತ್ತಿದ್ದವಂತೆ. ಇನ್ನು ಕೆಲವು ತಿಂಗಳು ಹೀಗೇ ಬಿಟ್ಟಿದ್ದರೆ ಹೃದಯವೇ ಸೋತುಹೋಗುತ್ತಿತ್ತು ಎಂದು ಡಾಕ್ಟರು ಹೇಳಿದರು. ಹುಳಕ್ಕೆ ಮಾತ್ರೆ, ರಕ್ತಕ್ಕೆ ಕಬ್ಬಿಣದ ಟಾನಿಕ್ಕು, ತಿನ್ನಲು ನುಗ್ಗೆಸೊಪ್ಪು, ಕಾಲಿಗೆ ಚಪ್ಪಲಿ. ಹೊರಡುವಾಗ ನರ್ಸಮ್ಮ ಅಕ್ಕನಿಗೆ, “ಇನ್ನು ಮೇಲೆ ಗೋರಂಟಿ ಹಾಕಿದ್ರೆ ಒಂದು ಬೆರಳು ಬಿಡು ಕಣ್ಣು. ಒಳಗೆ ನೋಡೋಕೆ ಒಂದು ಕಿಟಕಿ ಬೇಕಲ್ಲ” ಎಂದರು.

ವಾಪಸು ರೈಲಿನಲ್ಲಿ ಅಪ್ಪ ಅಕ್ಕನ ಕೈಯನ್ನು ತನ್ನ ತೊಡೆಯ ಮೇಲಿಟ್ಟುಕೊಂಡು ಒಂದೊಂದೇ ಉಗುರನ್ನು ನೋಡುತ್ತ ಕೂತಿದ್ದ. ಬಂಗಾರಪೇಟೆಯ ಮೇಲ್ಸೇತುವೆ ಬಂತು. ಖಾಲಿ ಕ್ಯಾನುಗಳನ್ನು ನನ್ನ ಕೈಗೆ ಕೊಟ್ಟು, ಅಷ್ಟು ಜನರ ಮುಂದೆ ಅಕ್ಕನನ್ನು ಬೆನ್ನ ಮೇಲೆ ಹೊತ್ತುಕೊಂಡ. “ಬಿಡಪ್ಪಾ, ನಾಚಿಕೆ ಆಗ್ತದೆ” ಎಂದಳು ಅಕ್ಕ. “ಸುಮ್ಕಿರವ್ವ” ಎಂದು ಒಂದೊಂದೇ ಮೆಟ್ಟಿಲು ಹತ್ತಿದ. ಮರುದಿನ ಹಳೆಯ ಟೈರು ಕೊಯ್ಯಿಸಿ ಅಕ್ಕನಿಗೆ ಮೆಟ್ಟು ಮಾಡಿಸಿಕೊಟ್ಟ. ತಾನು ಬರಿಗಾಲಲ್ಲೇ ಇದ್ದ.

ಆಮೇಲಿನ ತಿಂಗಳುಗಳಲ್ಲಿ ನಾನು ದಿನಾ ಅಕ್ಕನ ಉಗುರು ನೋಡುತ್ತಿದ್ದೆ. ಬುಡದಿಂದ ಹೊಸ ಉಗುರು ಹುಟ್ಟಿ ಗೋರಂಟಿಯ ಕೆಂಪನ್ನು ಮುಂದಕ್ಕೆ ತಳ್ಳುತ್ತಿತ್ತು. ದಸರೆಗೆ ಕೆಂಪು ಅರ್ಧಕ್ಕೆ ಬಂತು. ಅದರ ಹಿಂದೆ ಬಂದ ಉಗುರು ನಸುಗೆಂಪು, ಸಪಾಟು. ಅಕ್ಕ ಬಳಪ ತಿನ್ನುವುದನ್ನು ಬಿಟ್ಟಳು. ಶಾಲೆಯ ದಾರಿಯಲ್ಲಿ ನಾನೇ ಅವಳ ಹಿಂದೆ ಓಡಬೇಕಾಯಿತು. ಸಂಕ್ರಾಂತಿಯ ಬೆಳಿಗ್ಗೆ ಎಳ್ಳುಬೆಲ್ಲ ಬೀರುವ ಮೊದಲು ಕೊನೆಯ ಕೆಂಪು ಗೆರೆಯನ್ನು ಕತ್ತರಿಸಿ ಹಾಕಿದಳು. ನಾನು ಬಿಂದಿಗೆಯಲ್ಲಿ ಬೆರಳು ಅದ್ದಿ ಒಂದು ಹನಿ ಬಿಟ್ಟೆ. ಜಾರಿ ಬಿದ್ದುಹೋಯಿತು. ನನಗೆ ಅಳುವೇ ಬಂತು. ಅಪ್ಪ ಮಾತ್ರ ಕೊಟ್ಟಿಗೆಯ ಬಾಗಿಲಲ್ಲಿ ನಿಂತು, “ಇನ್ನೊಂದು ಸಲ ಬಿಡ್ಲಾ” ಎಂದ. ಮತ್ತೆ ಬಿಟ್ಟೆ. ಮತ್ತೆ ಜಾರಿತು. ಅಪ್ಪ ಟವೆಲಿನಿಂದ ಮುಖ ಒರೆಸಿಕೊಂಡು ಎಮ್ಮೆಯ ಹತ್ತಿರ ಹೋದ.

ಆ ಅಕ್ಕನೇ ನಿಮ್ಮ ದೊಡ್ಡಜ್ಜಿ. ಅವಳು ಓದು ಮುಗಿಸಿ ಟೀಚರಾದಳು, ತನ್ನ ಸಂಬಳದಲ್ಲಿ ನನ್ನನ್ನು ಓದಿಸಿದಳು. ನಮ್ಮ ಮನೆತನದಲ್ಲಿ ಡಿಗ್ರಿ ಪಡೆದ ಮೊದಲನೆಯವನು ನಾನು. ಹೇಳಿಕೊಳ್ಳಲು ನನಗೆ ಸಂಕೋಚವಿಲ್ಲ. ಆ ಕಾಗದವನ್ನು ಮೊದಲು ಇಟ್ಟಿದ್ದು ಅವಳ ಕೈಯಲ್ಲೇ.

ನಿಮ್ಮ ಲೋಕ ಬೇರೆ. ನೀವು ಮನೆಯೊಳಗೂ ಚಪ್ಪಲಿ ಹಾಕುತ್ತೀರಿ. ಬಳಪವನ್ನು ಕಂಡಿಲ್ಲ, ಕೊಕ್ಕರೆಗಳನ್ನು ಏನೂ ಕೇಳುವುದಿಲ್ಲ. ನಿಮ್ಮ ಉಗುರುಗಳಿಗೆ ನೀಲಿ, ಹಸಿರು, ಮಿಂಚಿನ ಬಣ್ಣಗಳಿವೆ. ಆದರೂ ನಮ್ಮ ಮನೆಯ ಹುಡುಗಿಯರೆಲ್ಲ ಎಡಗೈಯ ತೋರುಬೆರಳಿಗೆ ಬಣ್ಣ ಹಚ್ಚದೆ ಬಿಡುತ್ತೀರಿ. ಅದು ನಮ್ಮ ಮನೆದೇವರ ಪದ್ಧತಿ ಎಂದು ನೀವು ಅಂದುಕೊಂಡಿರುವುದು ನನಗೆ ಗೊತ್ತು.

ಹೋದ ತಿಂಗಳು ನಿಮ್ಮಲ್ಲಿ ಚಿಕ್ಕವಳಿಗೆ ಜ್ವರ ಬಂದು ಬಂಗಾರಪೇಟೆಯ ಆಸ್ಪತ್ರೆಗೆ ಕರೆದುಕೊಂಡು ಹೋದೆವಲ್ಲ. ಉಸಿರಿನ ಗಾಳಿ ರಕ್ತಕ್ಕೆ ಸರಿಯಾಗಿ ಸೇರುತ್ತಿದೆಯೇ ಎಂದು ನೋಡುವ, ಬೆರಳಿಗೆ ಕಚ್ಚುವ ಒಂದು ಪುಟ್ಟ ಯಂತ್ರ ಹಿಡಿದು ಎಳೆಯ ನರ್ಸೊಬ್ಬಳು ಬಂದಳು. ನೀಲಿ ಉಗುರುಗಳನ್ನು ಕಂಡು, “ಅಯ್ಯೋ, ಬಣ್ಣ ತೆಗೀಬೇಕಲ್ಲ ಪುಟ್ಟಿ” ಎಂದಳು. ನಮ್ಮ ಪುಟ್ಟಿ ಎಡಗೈಯ ತೋರುಬೆರಳನ್ನು ಎತ್ತಿ ತೋರಿಸಿದಳು. ನರ್ಸಿಗೆ ಆಶ್ಚರ್ಯ. “ಇದನ್ನ ಯಾರು ಹೇಳ್ಕೊಟ್ರು ನಿಂಗೆ?” ಎಂದಳು. ಪುಟ್ಟಿಗೆ ಗೊತ್ತಿರಲಿಲ್ಲ. ಮಂಚದ ಪಕ್ಕದಲ್ಲಿ ಕೂತಿದ್ದ ದೊಡ್ಡಜ್ಜಿ ನಕ್ಕು, ಆಷಾಢದ ಗೋರಂಟಿ ಹಚ್ಚಿದ ತನ್ನ ಸುಕ್ಕುಗೈಯನ್ನು ಮೇಲೆತ್ತಿದಳು. ನಾಲ್ಕು ಬೆರಳು ಕೆಂಪು. ಒಂದು ಕಿಟಕಿ ತೆರೆದೇ ಇತ್ತು.