ಚರಗ ತಪ್ಪಿದ ಮೂಲೆ

ಮಾಸ್ತರ ಬಲಹೆಗಲು ಎಡಕ್ಕಿಂತ ಎರಡು ಬೆರಳು ಕೆಳಗಿತ್ತು. ವರ್ಷಾನುಗಟ್ಟಲೆ ಕ್ಯಾಮೆರಾ ಹೊತ್ತು ಅಲ್ಲಿ ಚರ್ಮ ನೊಗ ಹೊತ್ತ ಎತ್ತಿನ ಹೆಗಲಿನಂತೆ ಕಪ್ಪಿಟ್ಟಿತ್ತು. ಚಿತ್ರಕಲೆ ಕಲಿಸುವ ನೌಕರಿ ಬಿಟ್ಟು, ಜನರ ಕೈತಪ್ಪುತ್ತಿದ್ದ ಹೊಲ, ದನ ಮೇಯುವ ಗಾಯರಾಣ, ಹಳೇ ಕಲ್ಲುಗಳ ಮೇಲೆ ಸಾಕ್ಷ್ಯಚಿತ್ರ ಮಾಡುತ್ತಿದ್ದರು. ಯಾರ ಹೊಲಕ್ಕೆ ಹೋದರೂ ಬದುವಿನಲ್ಲೇ ಚಪ್ಪಲಿ ಬಿಡುತ್ತಿದ್ದರು. ಎಲ್ಲರಿಗೂ ಹೇಳುವ ಮಾತು ಒಂದೇ: "ನನ್ನ ಕಡೆ ನೋಡಬ್ಯಾಡ್ರಿ, ನಿಮ್ಮ ಕೆಲಸ ನೋಡ್ರಿ."

ನಾನು ಐದನೇ ಇಯತ್ತೆಗೆ ಶಾಲೆ ಬಿಟ್ಟವನು. ಅಲಖನೂರಿನ ನಮ್ಮ ಹೊಲದ ಕಲ್ಲು ಆರಿಸಿ ಅದನ್ನು ಕಬ್ಬಿಗೆ ತಂದದ್ದು ಈ ಕೈಗಳು. ಯಾರ ಮುಂದೆಯೂ ತಲೆ ಬಗ್ಗಿಸಿದವನಲ್ಲ. ಹೊಲದ ಮೂಲೆಯಲ್ಲೊಂದು ವೀರಗಲ್ಲು ಇದೆ. ಬಾಜೂ ಹೊಲದವರು ಆ ಮೂಲೆ ತಮ್ಮದೆಂದು ಜಗಳ ತೆಗೆದು, ಕಲ್ಲು ಕಿತ್ತು ಕಬ್ಬು ಹಚ್ಚಲು ಹೊರಟಾಗ ಮಾಸ್ತರು ಬಂದರು. ಸೀಗಿ ಹುಣ್ಣಿಮೆಗೆ ನಾವು ಕಡುಬು, ಅನ್ನ ಕಲಸಿ ಹೊಲದ ಸುತ್ತ ಚರಗ ಚೆಲ್ಲುತ್ತೇವೆ. ಯಾರ ಚರಗ ಎಲ್ಲಿಯವರೆಗೆ ಹೋಗುತ್ತದೋ ಅಲ್ಲಿಯವರೆಗೆ ಅವರ ಹೊಲ; ಅದು ಊರಿಗೇ ಗೊತ್ತು. ಮಾಸ್ತರು ಅದನ್ನೇ ಚಿತ್ರ ತೆಗೆದರು.

ನಾನು ಅಂದು ಹೊಸ ಧೋತರ ಉಟ್ಟಿದ್ದೆ. ಮೂಲೆಯಲ್ಲಿ ರಾಡಿ, ಜಾಲಿಮುಳ್ಳು. ಚಿತ್ರದಲ್ಲಿ ಧೋತರ ಕೆಟ್ಟು ಕಾಣಬಾರದೆಂದು ಆ ಮೂಲೆ ಬಿಟ್ಟು ಅಡ್ಡಹಾದು ನಡೆದುಬಿಟ್ಟೆ.

ಶಾಲೆಯ ಗೋಡೆಯ ಮೇಲೆ, ಊರ ಹಿರಿಯರ ಮುಂದೆ ಚಿತ್ರ ತೋರಿಸಿದರು. ಮುಗಿಯುತ್ತಲೇ ಬಾಜೂ ಹೊಲದ ಕಾಕಾ ನಕ್ಕ.

"ನೋಡಿದ್ರ್ಯಾ? ಅಂವಾ ಆ ಮೂಲಿಗೆ ಚರಗ ಚೆಲ್ಲಿಲ್ಲ. ಮದುಮಗನಂಗ ಹೊಂಟಾನ. ತನ್ನ ಹೊಲಾ ಎಲ್ಲಿ ಮುಗಿತೈತಿ ಅಂವಗ ಗೊತ್ತೈತಿ."

ಅಪ್ಪ ಉಳಿಸಿಕೊಂಡು ಬಂದ ಮೂಲೆಯನ್ನು ನಾನೇ, ನನ್ನ ಕಾಲಿನಿಂದಲೇ, ಎಲ್ಲರ ಕಣ್ಣೆದುರು ಬಿಟ್ಟುಕೊಟ್ಟಿದ್ದೆ.

ಮಾಸ್ತರು ಎದ್ದುನಿಂತರು. "ತಪ್ಪ ನಂದ್ರಿ. ಚಂದ ಕಾಣ್ಲಿ ಅಂತ ಒಂದ್ ತುಣುಕ ಕಡದ ಒಗದಿದ್ದೆ. ಈಗ ಪೂರಾ ನೋಡ್ರಿ."

ಗೋಡೆಯ ಮೇಲೆ ನನ್ನ ಹಿಂದೆಯೇ ಬರುತ್ತಿದ್ದ ಅವ್ವ ಕಂಡಳು. ಸೀರೆ ಎತ್ತಿಕಟ್ಟಿ ರಾಡಿಗೆ ಇಳಿದು, ವೀರಗಲ್ಲಿಗೆ ಚರಗ ಚೆಲ್ಲಿ, ಕ್ಯಾಮೆರಾದತ್ತ ತಿರುಗಿ ಬೈದಳು: "ಅವನ ಧೋತರಾ ಏನ್ ತೆಗಿತಿಯೋ ಮಾಸ್ತರ? ಕಲ್ಲಿನ್ಯಾಂವ ಇಲ್ಲಿ ಉಪಾಸ ಕುಂತಾನ."

ಅವ್ವನಿಗೆ ಮೈದುನನಾಗುವ ಹಿರಿಯರೊಬ್ಬರು "ವೈನಿ ಚೆಲ್ಲ್ಯಾಳಂದ್ರ ಮುಗೀತ ನಡೀರಿ" ಎಂದರು. ಕಾಕಾ ಟೊಪ್ಪಿಗೆ ಸರಿಮಾಡಿಕೊಂಡು ಹೊರಗೆ ಹೋದ. ಮೂಲೆ ಉಳಿಯಿತು, ಕಲ್ಲೂ ಉಳಿಯಿತು.

ಹೋದ ತಿಂಗಳು ಫೋನು ಬಂತು. ಕುಡಚಿ ಸ್ಟೇಶನ್ನಿನಲ್ಲಿ ರೈಲು ಕಾಯುತ್ತ ಕುಳಿತಲ್ಲೇ ಮಾಸ್ತರು ತೀರಿಹೋದರಂತೆ. ಅಂದು ಮುಂಜಾನೆಯಷ್ಟೇ ನಮ್ಮ ಕಟ್ಟೆಯ ಮೇಲೆ ಕುಳಿತು ಚಹಾ ಕುಡಿದು ಹೋದವರು. ಅವರು ಕುಡಿದ ಕಪ್ಪು ಇನ್ನೂ ತೊಳೆದಿರಲಿಲ್ಲ. ನಾನು ಫೋನು ಹಿಡಿದುಕೊಂಡು ಆ ಕಪ್ಪನ್ನೇ ನೋಡುತ್ತ ನಿಂತೆ.

ಅವರ ಮನೆಯಂಗಳದಲ್ಲಿ ಎಲ್ಲರೂ ಮುಖ ನೋಡಲು ಸಾಲು ನಿಂತಿದ್ದರು. ನಾನು ನಿಲ್ಲಲಿಲ್ಲ; ತನ್ನ ಕಡೆ ನೋಡಬೇಡಿ ಎನ್ನುತ್ತಿದ್ದ ಮನುಷ್ಯ ಅವರು. ಚಟ್ಟಕ್ಕೆ ಹೆಗಲು ಕೊಟ್ಟೆ. ಸ್ಮಶಾನದ ದಾರಿಯೆಲ್ಲ ರಾಡಿ. ಧೋತರ ಎತ್ತಿ ಹಿಡಿಯಲಿಲ್ಲ.